ಆರ್ಗನ್ ಸೇರಿಸಿದವನು

"ಆರ್ಗನ್ ಸೇರಿಸೋ ಯೋಚನೆ ನಂದಲ್ಲ. ಅಗೋ, ಕೊನೇ ಸಾಲಲ್ಲಿ ಕೂತಿದಾನಲ್ಲ ಟೊರ್ಲೈಫ್, ಅವನದು," ಎಂದು ಐವಿಂದ್ ವೇದಿಕೆಯಿಂದ ಹೇಳಿದಾಗ, ಬೆರ್ಗನ್ ನಗರದ ಆ ಸಭಾಂಗಣವೆಲ್ಲ ಹಿಂತಿರುಗಿ ನೋಡಿತು.

ಅದು ಹಸಿ ಸುಳ್ಳು. ಇಪ್ಪತ್ತೆಂಟು ವರ್ಷದ ಹಿಂದೆ ಐವಿಂದ್ ತಮ್ಮಿಬ್ಬರ ತಂಡದ ಕಿರುಚಾಟದ ಮೆಟಲ್ ರಾಕ್ ಹಾಡಿಗೆ ಚರ್ಚಿನ ಆರ್ಗನ್ ವಾದ್ಯ ಸೇರಿಸಹೊರಟಾಗ, "ಥೂ, ಇದೇನು ನಿಮ್ಮಜ್ಜಿ ಹೆಣ ಹೂಳೋ ಕಾರ್ಯಕ್ರಮಾನಾ?" ಎಂದು ಗಿಟಾರ್ ಎತ್ತಿಕೊಂಡು ತಂಡ ಬಿಟ್ಟವನೇ ಟೊರ್ಲೈಫ್. ಆ ಆರ್ಗನ್ನಿನಿಂದಲೇ ತಂಡದ ಹೆಸರು ಜಪಾನಿನವರೆಗೂ ಹೋಯಿತು. ಟೊರ್ಲೈಫ್ ಸಿಟಿ ಬಸ್ಸು ಓಡಿಸಿದ. ಬಸ್ಸು ಹತ್ತಿದವರ ಅಂಗಿಯ ಮೇಲೆ ತಂಡದ ಹೆಸರು ಕಂಡಾಗಲೆಲ್ಲ ಅವನ ಹೊಟ್ಟೆಗೆ ಕೆಂಡ ಬೀಳುತ್ತಿತ್ತು. ಇವತ್ತು ತಂಡದ ವಿದಾಯದ ಮಾತುಕತೆಗೆ ಬಂದದ್ದೂ ಐವಿಂದ್ ಎಲ್ಲಾದರೂ ತಡವರಿಸಿಯಾನೇ ಎಂದು ನೋಡುವುದಕ್ಕೇ.

"ಏಳೋ ಮೊಂಡ, ಜನ ನಿನ್ನ ಮುಖ ನೋಡ್ಲಿ!" ಐವಿಂದ್ ನಕ್ಕ.

ಸುಳ್ಳು ಎನ್ನಲೆಂದೇ ಟೊರ್ಲೈಫ್ ಎದ್ದ. ಅಷ್ಟರಲ್ಲಿ ಚಪ್ಪಾಳೆ ಶುರುವಾಯಿತು. ಅವನ ಕೈ ತಾನಾಗಿಯೇ ಎದೆಗೆ ಹೋಯಿತು, ತಲೆ ಬಾಗಿತು. ತಲೆಯೆತ್ತಿದಾಗ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟುತ್ತಿದ್ದವನು ಐವಿಂದ್. ಇಷ್ಟು ವರ್ಷ ಅವನ ಹೆಸರಿಗೆ ಮಾತ್ರ ಕರುಬಿದ್ದ ಟೊರ್ಲೈಫ್‌ಗೆ, ಅದನ್ನೂ ನಗುತ್ತ ಕೊಟ್ಟುಬಿಡಬಲ್ಲ ಆ ಮನಸ್ಸನ್ನು ಕಂಡು ಇನ್ನೂ ಹೆಚ್ಚು ಹೊಟ್ಟೆ ಉರಿಯಿತು.