ಬಾಯಿ ಮುಚ್ಚಿದ ಶ್ರುತಿ

ಹಡಗಿನ ಹಾಡುಗಾರ ಮರ್ಜೂಕ್ ಪದ ಮುಗಿಸಿದ. ಬಾಯಿ ಮುಚ್ಚಿ ಶ್ರುತಿ ಗುನುಗುತ್ತಿದ್ದ ಹಗ್ಗದಾಳುಗಳೂ ನಿಲ್ಲಿಸಿದರು. ಗುನುಗು ಮಾತ್ರ ನಿಲ್ಲಲಿಲ್ಲ. ಹಲಗೆಗಳಿಂದ ಅಂಗಾಲಿಗೆ ಏರುತ್ತಲೇ ಇತ್ತು.

"ಯಾವನೋ ಅದು ಇನ್ನೂ ಗುನುಗ್ತಿರೋನು? ಬಾಯಿ ಮುಚ್ಚೋ!" ಮರ್ಜೂಕ್ ಗದರಿದ.

ಎಲ್ಲರ ಬಾಯಿಯೂ ಮುಚ್ಚಿಯೇ ಇತ್ತು. ಹಗ್ಗದಾಳು ಹಿಲಾಲ್ ಕೆಳಗೆ ನೀರಿನತ್ತ ಬಗ್ಗಿ ನೋಡಿದ. ಅವನು ಹಿಡಿದಿದ್ದ ಹಗ್ಗದ ತುದಿಯಲ್ಲಿ, ಮುತ್ತಿಗಾಗಿ ಮುಳುಗಿದ್ದ ಭಾವ ಗೈತ್ ಇದ್ದ. ಗೈತ್‌ನ ಕೆಳಗೆ ದ್ವೀಪದಷ್ಟು ದೊಡ್ಡ ಕಪ್ಪು ತಲೆ. ಅದರ ಗುನುಗು ಕ್ಷೀಣಿಸಿದಂತೆ ಆ ಕಪ್ಪಿನಲ್ಲಿ ಬಿಳಿ ಗೆರೆಯೊಂದು ಬಿರಿಯತೊಡಗಿತು. ಹಲ್ಲು!

"ಹಾಡು ಮರ್ಜೂಕಣ್ಣ, ನಿಲ್ಲಿಸ್ಬೇಡ!" ಹಿಲಾಲ್ ಹಗ್ಗ ಜಗ್ಗುತ್ತಾ ಚೀರಿದ. "ಗುನುಗ್ತಾ ಇದ್ರೆ ಅದು ಬಾಯಿ ಮುಚ್ಕೊಂಡಿರುತ್ತೆ!"

ಮರ್ಜೂಕ್ ಪದ ಎತ್ತಿದ. ಕೆಳಗಿನಿಂದ ಶ್ರುತಿ ಸೇರಿತು, ಗೆರೆ ಮುಚ್ಚಿತು. ಗೈತ್ ಏದುಸಿರು ಬಿಡುತ್ತಾ ಹಡಗು ಹತ್ತಿದ. ಮರ್ಜೂಕ್ ಹಾಡುತ್ತಲೇ ಇದ್ದ. ದಡ ಇನ್ನೂ ಕಾಣುತ್ತಿರಲಿಲ್ಲ.