ಜಗಳ ಕಲಿಯದ ದಂಪತಿ

"ಅಲ್ಲಮ್ಮಾ, ನೀವಿಬ್ರೂ ಯಾಕೆ ಜಗಳಾನೇ ಆಡಲ್ಲ?"

ಕೆಳಮನೆಯ ಅಜ್ಜಿ ಮೆಟ್ಟಿಲಿಗೆ ಅಡ್ಡ ನಿಂತು ಹೀಗೆ ಕೇಳಿದಾಗ ಮೇಲ್ಮನೆಯ ಹೆಂಡತಿ ಸೆರಗು ಸರಿಮಾಡಿಕೊಂಡು ನಕ್ಕಳು. ಮದುವೆ ಎಲ್ಲಾಯಿತು, ಮಾವನಿಗೆ ಯಾವ ಕಾಯಿಲೆ, ನಾದಿನಿಯ ಕೂಸಿಗೆ ಎಷ್ಟು ಹಲ್ಲು, ಎಲ್ಲವನ್ನೂ ಗೂಢಚಾರ ಇಲಾಖೆಯವರು ಬಾಯಿಪಾಠ ಮಾಡಿಸಿಯೇ ಅವಳನ್ನು ಈ ಶತ್ರುದೇಶಕ್ಕೆ ಕಳಿಸಿದ್ದರು. ಈ ಪ್ರಶ್ನೆ ಮಾತ್ರ ಅಲ್ಲಿ ಯಾರ ತಲೆಗೂ ಬಂದಿರಲಿಲ್ಲ.

"ಇಷ್ಟು ದಿನ ಆಯ್ತು, ಒಂದು ಪಾತ್ರೆ ಬಿದ್ದ ಸದ್ದಿಲ್ಲ. 'ನಿಮ್ದು ಊಟ ಆಯ್ತಾ?' 'ಆಯ್ತು, ನಿಮ್ದು?' ಇದೇನು ಸಂಸಾರಾನಾ, ಬ್ಯಾಂಕಾ? ನಮ್ಮನೇಲೇ ಇರೋ ಅಳಿಯನಿಗೂ ಹೇಳ್ದೆ. ಅವನು ಪೊಲೀಸು ನೋಡು. ಗಡಿಯಾಚೆಯೋರು ಬೇಹುಗಾರರನ್ನ ಗಂಡ ಹೆಂಡತಿ ವೇಷದಲ್ಲಿ ಕಳಿಸ್ತಾರಂತೆ. ಭಾನುವಾರ ರಜಾ ಇದೆ, ಹೋಗಿ ವಿಚಾರಿಸ್ಕೊಂಡು ಬರ್ತೀನಿ ಅಂದ."

ಹೆಂಡತಿಯ ವೇಷದವಳು ಬಂದರಿನ ಕಡೆಯ ಕಿಟಕಿಗೆ ಹೊಲಿಗೆ ಮಿಷನ್ ಹಾಕಿಕೊಂಡು, ಯಾವ ಯುದ್ಧನೌಕೆ ಬಂತು, ಯಾವುದು ಹೋಯಿತು ಎಂದು ನೋಡುತ್ತಿದ್ದಳು. ಗಂಡನ ವೇಷದವನು ಗಡಿಯಾರ ರಿಪೇರಿ ಅಂಗಡಿಯಿಂದ ಸಂಜೆ ಬಂದು ಅದನ್ನೇ ಸಂದೇಶವಾಗಿ ಬರೆಯುತ್ತಿದ್ದ. ಅದನ್ನು ಕಳಿಸುವ, ಉತ್ತರ ಪಡೆಯುವ ವಿದ್ಯೆ ಅವಳಿಗೆ ಮಾತ್ರ ಗೊತ್ತಿತ್ತು. ಕಳಿಸುವ ಯಂತ್ರ ಹೊಲಿಗೆ ಮಿಷನ್ನಿನ ಮರದ ಪೆಟ್ಟಿಗೆಯೊಳಗಿತ್ತು. ಪೊಲೀಸು ಆ ಪೆಟ್ಟಿಗೆ ತೆರೆದರೆ ಇಬ್ಬರಿಗೂ ನೇಣೇ ಗತಿ. ಇನ್ನು ಮಲಗುವಾಗ ನಡುವೆ ಒಂದು ದುಪ್ಪಟಿ ಕಟ್ಟಿಕೊಳ್ಳುವಷ್ಟು ಮರ್ಯಾದಸ್ಥರು, ಜಗಳ ಎಲ್ಲಿಂದ ಬರಬೇಕು?

"ಜಗಳ ಆಡಲೇಬೇಕು. ಅಡುಗೆಗೆ ಉಪ್ಪು ಜಾಸ್ತಿ ಅಂತ ನೀವೇ ಶುರು ಮಾಡಿ," ಎಂದಳು ಅವಳು ಆ ಸಂಜೆ ಅವನಿಗೆ.

"ಉಪ್ಪು ಸರಿಯಾಗೇ ಇತ್ತಲ್ಲ?"

"ಅಯ್ಯೋ ದೇವರೇ! ಸುಳ್ಳು ಹೇಳೋಕೆ ತಾನೇ ನಿಮಗೆ ಸಂಬಳ?"

ಭಾನುವಾರ ಮಧ್ಯಾಹ್ನ ಮೆಟ್ಟಿಲ ಮೇಲೆ ಹೆಜ್ಜೆ ಸದ್ದಾಯಿತು. ಅವನು ಗಂಟಲು ಸರಿಮಾಡಿಕೊಂಡು, "ಏನೇ, ಉಪ್ಪು ಸ್ವಲ್ಪ ಜಾಸ್ತಿ ಆಗಿದೆ... ಪರವಾಗಿಲ್ಲ ಬಿಡಿ," ಎಂದ. ಅವಳಿಗೆ ಮೈಯೆಲ್ಲ ಉರಿದುಹೋಯಿತು. ಕೈಗೆ ಸಿಕ್ಕ ಪಾತ್ರೆಯನ್ನು ನೆಲಕ್ಕೆ ಕುಕ್ಕಿದಳು.

"ಉಪ್ಪಂತೆ ಉಪ್ಪು! ದಿನವಿಡೀ ಕಿಟಕೀಲಿ ಕೂತು ಕಣ್ಣು ಕಳ್ಕೊಳ್ಳೋಳು ನಾನು. ದೊಡ್ಡಪ್ಪನಿಗೆ ಕಾಗದ ಬರೆಯೋವಾಗ ಮಾತ್ರ 'ನಾನು ನೋಡಿದೆ, ನಾನು ಮಾಡಿದೆ'! ಒಂದು ದಿನ ಆದ್ರೂ ನನ್ನ ಹೆಸರು ಎತ್ತಿದ್ಯೇನೋ?"

ದೊಡ್ಡಪ್ಪ ಎಂದರೆ ಇಲಾಖೆಯ ಮುಖ್ಯಸ್ಥ. ಗಂಡ ಬೆಪ್ಪಾದ. ಇದು ಅಭ್ಯಾಸ ಮಾಡಿಕೊಂಡ ಮಾತಲ್ಲ, ಅವಳ ಕಣ್ಣಲ್ಲಿದ್ದ ನೀರೂ ನಾಟಕದ್ದಲ್ಲ. ಅವಳು ನಿಜವಾಗಿಯೂ ನೊಂದಿದ್ದಳು.

"ಅದು... ಬರೆಯೋ ಕ್ರಮಾನೇ ಹಾಗೆ," ಎಂದು ಗೊಣಗಿದ.

"ನಿನ್ನ ಕ್ರಮ ತಗೊಂಡು ಒಲೆಗೆ ಹಾಕು!"

ಬಾಗಿಲು ದಡಾರನೆ ತೆರೆಯಿತು. ಅಜ್ಜಿಯ ಮುಖ ಊರಗಲವಾಗಿತ್ತು, ಹಿಂದೆ ಅಳಿಯ. "ಗಂಡ ಹೆಂಡಿರ ಜಗಳ ಉಂಡು ಮಲಗೋ ತನಕ ಅನ್ನೋದೆಲ್ಲ ಗಂಡಸರು ಕಟ್ಟಿದ ಗಾದೆ. ನಡಿ ಮಗಳೇ, ಇವನಿಗೆ ಬುದ್ಧಿ ಬರೋ ತನಕ ನಮ್ಮನೇಲಿರು," ಎಂದು ಅವಳ ಕೈ ಹಿಡಿದಳು.

"ಬರ್ತೀನಿ ಅಜ್ಜಿ. ಆದ್ರೆ ಮಿಷನ್ ಬಿಟ್ಟು ಬರಲ್ಲ. ನನ್ನ ಅನ್ನ ನಾನೇ ದುಡ್ಕೊಳ್ತೀನಿ."

ಗಂಡ ಮಿಷನ್ನಿಗೆ ಅಡ್ಡ ಬಂದ. "ಬೇಡ ಬೇಡ, ಅದು ಇಲ್ಲೇ ಇರಲಿ!"

"ನೋಡಿದ್ಯಾ ಅಳಿಯಾ, ಮಿಷನ್ನೂ ಕೊಡಲ್ವಂತೆ ಪುಣ್ಯಾತ್ಮ! ನೀನು ಎತ್ಕೊ."

ಪೊಲೀಸು ಪೆಟ್ಟಿಗೆ ಸಮೇತ ಮಿಷನ್ ಎತ್ತಿ, "ಅಬ್ಬಾ, ಏನಮ್ಮಾ ಇದು ಹೆಣಭಾರ!" ಎಂದ.

"ಹಳೇ ಕಾಲದ್ದಣ್ಣಾ, ಬರೀ ಕಬ್ಬಿಣ. ಹುಷಾರು, ಅಲುಗಾಡಿಸ್ಬೇಡಿ."

ಹೊಸಲು ದಾಟುವಾಗ ಪೊಲೀಸು ಗಂಡನ ಕಡೆ ತಿರುಗಿ, "ತಪ್ಪಾಯ್ತು ಅನ್ನೋದು ಕಲೀರಿ ಸ್ವಾಮೀ. ನಾನು ದಿನಾ ಅಂತೀನಿ," ಎಂದು ಬುದ್ಧಿ ಹೇಳಿ ಹೋದ. ಅನುಮಾನದ ಮಾತೇ ಇಲ್ಲ.

ಅವರು ಹೋದ ಮೇಲೆ ಮನೆ ಬಿಕೋ ಎನ್ನತೊಡಗಿತು. ಅವನಿಗೆ ಊಟ ರುಚಿಸಲಿಲ್ಲ, ಅಂಗಡಿಯಲ್ಲಿ ಸರಿ ನಡೆಯುತ್ತಿದ್ದ ಗಡಿಯಾರವನ್ನೂ ಬಿಚ್ಚಿ ಕೆಡಿಸಿದ. ಅವಳಿಲ್ಲದೆ ತನಗೆ ಆಗುವುದಿಲ್ಲ ಎಂಬುದು ಇಲಾಖೆ ಕಲಿಸದೆಯೇ ಅರ್ಥವಾಯಿತು. ವಾರ ಕಳೆಯುವ ಮೊದಲೇ ನಡುವಿನ ದುಪ್ಪಟಿ ಬಿಚ್ಚಿ ಮಡಿಸಿಟ್ಟು, ಅಜ್ಜಿಯ ಬಾಗಿಲು ತಟ್ಟಿದ.

ಅವಳೇ ಹೊರಗೆ ಬಂದಳು. ಕೆನ್ನೆ ತುಂಬಿಕೊಂಡಿತ್ತು, ಕತ್ತಿನಲ್ಲಿ ಅಳತೆ ಟೇಪು. ಒಳಗೆ ಪೊಲೀಸು, ಅವಳು ಆಗಷ್ಟೇ ಹೊಲಿದುಕೊಟ್ಟ ಸಮವಸ್ತ್ರದ ಗುಂಡಿ ಹಾಕಿಕೊಳ್ಳುತ್ತಿದ್ದ.

"ತಪ್ಪಾಯ್ತು," ಎಂದ ಗಂಡ. ಈ ಸಲ ನಟಿಸಬೇಕಾಗಲಿಲ್ಲ. "ಇನ್ಮೇಲೆ ನಿನ್ನ ಹೆಸರೇ ಮೊದಲು. ಮೇಲೆ ಬಾ."

ಅವಳು ಅವನನ್ನು ಮೆಟ್ಟಿಲ ಮೂಲೆಗೆ ಕರೆದು ದನಿ ತಗ್ಗಿಸಿದಳು. "ಬರಬಹುದಿತ್ತು. ಆದ್ರೆ ನಿನ್ನೆ ದೊಡ್ಡಪ್ಪನ ಆದೇಶ ಬಂತು. ಈ ಜಗಲಿಯಿಂದ ಬಂದರು ಇನ್ನೂ ಚೆನ್ನಾಗಿ ಕಾಣುತ್ತೆ, ಪೊಲೀಸಿನ ಮನೆ ಅಂತ ಯಾರೂ ಕೇಳೋದೂ ಇಲ್ಲ. ಸದ್ಯಕ್ಕೆ ರಾಜಿ ಆಗಬಾರದಂತೆ. ಜಗಳ ಮುಂದುವರಿಸಬೇಕಂತೆ."

ಅಷ್ಟು ಹೇಳಿ ನಗು ನುಂಗಿಕೊಂಡು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಇಂಥ ಆದೇಶವೂ ಬರುತ್ತದೆಯೇ? ದೊಡ್ಡಪ್ಪನನ್ನೇ ಕೇಳಿಬಿಡೋಣ ಎಂದು ದುಡುದುಡು ಮೆಟ್ಟಿಲು ಹತ್ತಿದವನು ಅರ್ಧದಲ್ಲೇ ನಿಂತ. ಯಂತ್ರ ಕೆಳಮನೆಯಲ್ಲಿ; ಕೇಳಬೇಕೆಂದರೂ ಅವಳ ಕೈಯಲ್ಲೇ ಕೇಳಿಸಬೇಕು.