ಬೋರ್ಡಿನ ಮೇಲಿನ ಪದ

ಮಗಳ ಹೊಸ ಕ್ಲಿನಿಕ್ಕಿನ ಬೋರ್ಡಿನಲ್ಲಿ ಅವಳ ಹೆಸರಿನ ಕೆಳಗೊಂದು ಉದ್ದನೆಯ ಪದವಿತ್ತು. ಅದಕ್ಕೆ ತಿಮ್ಮರಾಯಪ್ಪನ ನಾಲಿಗೆ ಹೊರಳುತ್ತಿರಲಿಲ್ಲ.

"ಪ್ರಾಸ್ಥೊ... ಪ್ರಾಸ್ಥೋಡಾ... ಏನಮ್ಮಾ ಹಂಗಂದ್ರೆ?"

"ಪ್ರಾಸ್ಥೋಡಾಂಟಿಸ್ಟ್ ಅಪ್ಪಾ. ಉದುರಿದ ಹಲ್ಲಿನ ಜಾಗಕ್ಕೆ ಹೊಸ ಹಲ್ಲು ಕಟ್ಟೋ ಡಾಕ್ಟ್ರು."

"ಅಯ್ಯೋ, ನಾನು ಮಾಡೋದೂ ಅದೇ ಅಲ್ವೇನಮ್ಮಾ!" ಎಂದು ಅವನು ಗಟ್ಟಿಯಾಗಿ ನಕ್ಕ. ಕಾದು ಕೂತಿದ್ದ ರೋಗಿಗಳೂ ನಕ್ಕರು. ಮಗಳ ಮುಖ ಮಾತ್ರ ಗಂಟಿಕ್ಕಿತು.

ಬಸ್ ಸ್ಟ್ಯಾಂಡಿನ ಪಕ್ಕದ ಫುಟ್‌ಪಾತಿನಲ್ಲಿ ಮೂವತ್ತು ವರ್ಷ ಹಲ್ಲು ಸೆಟ್ಟು ಕಟ್ಟಿಯೇ ಅವನು ಅವಳನ್ನು ಓದಿಸಿದ್ದ. ಈಗ ಗಿರಾಕಿಯ ಬಾಯಲ್ಲಿ ಮೇಣದ ಅಚ್ಚು ಒತ್ತಿ ಹಿಡಿದಷ್ಟು ಹೊತ್ತೂ ಆ ಪದವನ್ನೇ ಬಾಯಿಪಾಠ ಮಾಡುತ್ತಿದ್ದ. ತಿಂಗಳು ತುಂಬುವುದರೊಳಗೆ, "ನನ್ನ ಮಗಳು ಪ್ರಾಸ್ಥೋಡಾಂಟಿಸ್ಟ್ ಕಣ್ರೀ" ಎಂದು ಟೀ ಅಂಗಡಿಯವನಿಗೂ ಹೂವಿನವಳಿಗೂ ಹೇಳಿಕೊಂಡು ತಿರುಗತೊಡಗಿದ.

ಒಂದು ಬೆಳಿಗ್ಗೆ ಆರೋಗ್ಯ ಇಲಾಖೆಯವರು ಜೀಪಿನಲ್ಲಿ ಬಂದು ಅವನ ಸಾಮಾನಿನ ಪೆಟ್ಟಿಗೆಯನ್ನು ಎತ್ತಿಕೊಂಡರು.

"ಸರ್ಟಿಫಿಕೇಟ್ ಇಲ್ದೆ ಜನರ ಬಾಯಿಗೆ ಕೈ ಹಾಕ್ತೀಯಾ? ನಿನ್ ಮೇಲೆ ಕಂಪ್ಲೇಂಟ್ ಬಂದಿದೆ."

"ಸ್ವಾಮಿ, ನನ್ನ ಮಗಳು ದೊಡ್ಡ ಡಾಕ್ಟ್ರು. ಒಂದು ಫೋನ್ ಮಾಡಿ, ನನ್ ಕೆಲ್ಸ ಎಂಥದು ಅಂತ ಅವಳೇ ಹೇಳ್ತಾಳೆ."

ಅಧಿಕಾರಿ ದೂರಿನ ಕಾಗದವನ್ನು ಅವನ ಕೈಗಿತ್ತ. ಕೊನೆಯಲ್ಲಿ ಸಹಿಯ ಕೆಳಗೆ ಮಗಳ ಹೆಸರಿತ್ತು. ಅದರ ಕೆಳಗಿದ್ದ ಪದವನ್ನು ತಿಮ್ಮರಾಯಪ್ಪ ಒಂದಕ್ಷರವೂ ತಡವರಿಸದೆ ಓದಿದ.